ಶನಿವಾರದ ಪತ್ರಿಕೆ ಹುಡುಕಿಕೊಂಡು ಕೋಲ್ಕತ್ತಾಕ್ಕೆ

ಗುರುವಾರ

ಕೋಲ್ಕತ್ತಾಕ್ಕೆ ಹೋದ ನಮ್ಮ ಕಡೆಯವರು ಕಾಳಿಘಾಟ್, ದಕ್ಷಿಣೇಶ್ವರ, ಬೇಲೂರು ಮಠ ನೋಡಿ ಬರುತ್ತಾರೆ. ನಾನು ಹೋಗಿದ್ದು ಒಂದು ವಾರಪತ್ರಿಕೆಗೋಸ್ಕರ. ಎರಡು ವರ್ಷ ಎರಡು ತಿಂಗಳು ಬದುಕಿದ್ದ, ನಾಲ್ಕೇ ಪುಟದ ಪತ್ರಿಕೆ ಅದು. ಹೆಸರು ಹಿಕ್ಕೀಸ್ ಬೆಂಗಾಲ್ ಗೆಜೆಟ್. 1780ರ ಜನವರಿ 29, ಶನಿವಾರ, ಅದರ ಮೊದಲ ಸಂಚಿಕೆ ಹೊರಬಂತು. ನಮ್ಮ ದೇಶದಲ್ಲಿ ಅಚ್ಚಾದ ಮೊದಲ ಸುದ್ದಿಪತ್ರಿಕೆ ಅದೇ.

ಈ ಹುಚ್ಚು ನನಗೆ ಹಿಡಿಯಲು ಕಾರಣ ಇದೆ. ನಮ್ಮೂರಿನ ಒಂದು ಸಣ್ಣ ವಾರಪತ್ರಿಕೆಯ ಪ್ರೆಸ್ಸಿನಲ್ಲಿ ನಾನು ಮೊಳೆ, ಅಂದರೆ ಅಚ್ಚಿನ ಸೀಸದ ಅಕ್ಷರ, ಜೋಡಿಸುವ ಕೆಲಸ ಕಲಿತವನು. ಆಮೇಲೆ ಪ್ರೂಫ್ ತಿದ್ದಿದೆ, ವರದಿ ಬರೆದೆ. ಪುಟ ಕಟ್ಟಿದ ರಾತ್ರಿಯ ಸುಸ್ತು, ಬೆಳಿಗ್ಗೆ ವಿಳಾಸದ ಚೀಟಿ ಅಂಟಿಸಿ ಅಂಚೆಗೆ ಹಾಕುವ ಗಡಿಬಿಡಿ, ಜಾಹೀರಾತಿನ ಬಾಕಿ ವಸೂಲಿಗೆ ಅಲೆಯುವುದು, ಇದೆಲ್ಲ ಮೈಗೆ ಹತ್ತಿದೆ. ಹಾಗಾಗಿ ಆ ಪತ್ರಿಕೆ ನಡೆಸಿದ ಹಿಕ್ಕಿಯ ಕಥೆ ಓದಿದಾಗಲೆಲ್ಲ ಇವನು ನಮ್ಮವನೇ ಅನ್ನಿಸುತ್ತಿತ್ತು.

ಅಕ್ಕ ಭಾವ ಹೌರಾ ಕಡೆ ಇದ್ದಾರೆ. ಮಧ್ಯಾಹ್ನ ಊಟ ಮುಗಿಸಿ ಭಾವನ ಜೊತೆ ಹೌರಾ ಮೈದಾನದಲ್ಲಿ ಮೆಟ್ರೋ ಹತ್ತಿದೆ. ಈ ರೈಲು ಹೂಗ್ಲಿ ನದಿಯ ಕೆಳಗೆ ಹೋಗುತ್ತದೆ. ಮಹಾಕರಣ್ ನಿಲ್ದಾಣದಲ್ಲಿ ಇಳಿದು ಮೇಲೆ ಬಂದರೆ ಬಿಬಿಡಿ ಬಾಗ್, ಹಳೆಯ ಡಾಲ್‌ಹೌಸಿ ಚೌಕ. ನಡುವೆ ಲಾಲ್ ದಿಘಿ ಕೆರೆ. ಒಂದು ಕಡೆ ಕೆಂಪು ಬಣ್ಣದ ರೈಟರ್ಸ್ ಬಿಲ್ಡಿಂಗ್. ಇನ್ನೊಂದು ಕಡೆ ಬಿಳಿ ಗುಮ್ಮಟದ ದೊಡ್ಡ ಅಂಚೆ ಕಚೇರಿ.

"ಎಲ್ಲಿಂದ ಶುರು ಮಾಡೋಣ?" ಅಂದರು ಭಾವ. "ಅಂಚೆ ಕಚೇರಿಯಿಂದಲೇ ಭಾವ" ಅಂದೆ. ಪತ್ರಿಕೆಯವರಿಗೆ ಅಲ್ಲಿಂದಲೇ ಶುರು ಅಲ್ವಾ?

ಈಗಿನ ಕಟ್ಟಡ 1868ರದು. ಹಳೆಯ ಫೋರ್ಟ್ ವಿಲಿಯಂ ಕೋಟೆ ಇದ್ದ ಜಾಗದ ಮೇಲೆ ಕಟ್ಟಿದ್ದು. ಆದರೆ ಇಲ್ಲಿನ ಅಂಚೆ ವ್ಯವಸ್ಥೆ ಅದಕ್ಕಿಂತ ಹಳೆಯದು. ಗವರ್ನರ್ ಜನರಲ್ ವಾರನ್ ಹೇಸ್ಟಿಂಗ್ಸ್ 1774ರಲ್ಲಿ ಕಲ್ಕತ್ತಾದ ಜನರಲ್ ಪೋಸ್ಟ್ ಆಫೀಸ್ ಶುರು ಮಾಡಿದ. ಆರು ವರ್ಷ ಕಳೆದ ಮೇಲೆ ಅದೇ ಹೇಸ್ಟಿಂಗ್ಸ್ ಸರ್ಕಾರ ಅದೇ ಅಂಚೆಯನ್ನು ಒಂದು ಪತ್ರಿಕೆಯ ಕತ್ತು ಹಿಸುಕಲು ಬಳಸಿಕೊಂಡಿತು.

ನಡೆದದ್ದು ಇಷ್ಟು. ಹಿಕ್ಕಿ ಪತ್ರಿಕೆ ಶುರು ಮಾಡಿ ಹತ್ತು ತಿಂಗಳಾಗುವ ಹೊತ್ತಿಗೆ, 1780ರ ನವೆಂಬರ್‌ನಲ್ಲಿ, ಇಂಡಿಯಾ ಗೆಜೆಟ್ ಅಂತ ಎರಡನೇ ಪತ್ರಿಕೆ ಬಂತು. ಬರ್ನಾರ್ಡ್ ಮೆಸಿಂಕ್, ಪೀಟರ್ ರೀಡ್ ಅನ್ನುವ ಇಬ್ಬರದು. ಈಸ್ಟ್ ಇಂಡಿಯಾ ಕಂಪನಿಯ ಮೇಲಿನವರಿಗೆ ಬೇಕಾದವರು. ಅವರ ಪತ್ರಿಕೆಗೆ ಅಂಚೆ ಪುಕ್ಕಟೆ. ಹಿಕ್ಕಿಗೆ ಆ ಸವಲತ್ತಿಲ್ಲ. ಹೇಸ್ಟಿಂಗ್ಸನ ಹೆಂಡತಿ ಮರಿಯನ್‌ಗೆ ಲಂಚ ಕೊಟ್ಟರೆ ಕೆಲಸ ಆಗುತ್ತೆ ಅಂತ ಕಂಪನಿಯ ಅಧಿಕಾರಿ ಸಿಮಿಯನ್ ಡ್ರೋಜ್ ತನಗೆ ಸೂಚಿಸಿದ, ತಾನು ಒಪ್ಪಲಿಲ್ಲ ಎಂದು ಹಿಕ್ಕಿ ಪತ್ರಿಕೆಯಲ್ಲೇ ಬರೆದುಬಿಟ್ಟ. ನವೆಂಬರ್ 14ರಂದು ಆದೇಶ ಹೊರಟಿತು. ಈ ಪತ್ರಿಕೆ ಜನರ ಮಾನ ಕಳೆಯುತ್ತಿದೆ, ವಸಾಹತಿನ ಶಾಂತಿ ಕೆಡಿಸುತ್ತಿದೆ, ಆದ್ದರಿಂದ ಇನ್ನು ಮುಂದೆ ಅಂಚೆಯಲ್ಲಿ ಹೋಗಕೂಡದು.

ಸಣ್ಣ ಪತ್ರಿಕೆಗೆ ಅಂಚೆ ನಿಂತರೆ ಏನಾಗುತ್ತದೆ ಅಂತ ನನಗೆ ಗೊತ್ತು. ಊರೊಳಗಿನ ಓದುಗರು ಹೇಗೋ ಸಿಗುತ್ತಾರೆ. ಹೊರಗಿನ ಚಂದಾದಾರರು ಒಬ್ಬೊಬ್ಬರಾಗಿ ಕಳಚಿಕೊಳ್ಳುತ್ತಾರೆ. ಹಿಕ್ಕಿಯ ಓದುಗರಲ್ಲಿ ದೂರದ ದಂಡುಗಳಲ್ಲಿದ್ದ ಸಿಪಾಯಿ ಅಧಿಕಾರಿಗಳು ಬಹಳ. ಅವರಿಗೆ ಕಲ್ಕತ್ತಾದಿಂದ ಪತ್ರಿಕೆ ತಲುಪಲು ಅಂಚೆ ಬಿಟ್ಟರೆ ದಾರಿ ಇರಲಿಲ್ಲ. ಆದರೂ ಅವನು ಕೈಕಟ್ಟಿ ಕೂರಲಿಲ್ಲ. ಊರೊಳಗೆ ಪತ್ರಿಕೆ ಹಂಚಲು ಇಪ್ಪತ್ತು ಮಂದಿ ಹರಕಾರರನ್ನು ಸಂಬಳಕ್ಕೆ ಇಟ್ಟುಕೊಂಡ. ಅವರು ಮನೆಮನೆಗೆ ಓಡಾಡಿ ಕೊಟ್ಟರು. ಆ ಇಪ್ಪತ್ತು ಜನರ ಹೆಸರು ನಮಗೆ ಉಳಿದಿಲ್ಲ. ಈ ಕಥೆಯಲ್ಲಿ ಹಿಕ್ಕಿಯ ಪತ್ರಿಕೆಯನ್ನು ನಿಜವಾಗಿ ಹೊತ್ತ ಭಾರತೀಯರು ಅವರು. ಅದು ನನ್ನನ್ನು ತುಂಬಾ ಕಾಡುತ್ತದೆ.

ಸಂಜೆ ಸೇಂಟ್ ಆಂಡ್ರ್ಯೂಸ್ ಚರ್ಚಿನ ಮುಂದೆ ನಿಂತೆವು. ರೈಟರ್ಸ್ ಬಿಲ್ಡಿಂಗ್‌ನ ಮಗ್ಗುಲಲ್ಲೇ ಇದೆ, ಎತ್ತರದ ಗೋಪುರ. ಇದನ್ನು ಕಟ್ಟಿದ್ದು 1815ರಿಂದ 1818ರ ನಡುವೆ. ಅದಕ್ಕೂ ಮೊದಲು ಈ ಜಾಗದಲ್ಲಿ ಹಳೆಯ ಕೋರ್ಟ್ ಹೌಸ್ ಇತ್ತು. 1774ರಲ್ಲಿ ಬಂದ ಸುಪ್ರೀಂ ಕೋರ್ಟ್ ಕೂರುತ್ತಿದ್ದುದು ಅಲ್ಲೇ. ಹೇಸ್ಟಿಂಗ್ಸ್ ಮೇಲೆ ಲಂಚದ ಆರೋಪ ಹೊರಿಸಿದ್ದ ನಂದಕುಮಾರನಿಗೆ 1775ರಲ್ಲಿ ಗಲ್ಲು ವಿಧಿಸಿದ್ದು ಅಲ್ಲಿ. 1781ರ ಜೂನ್‌ನಲ್ಲಿ ಹಿಕ್ಕಿ ಕಟಕಟೆಯಲ್ಲಿ ನಿಂತದ್ದೂ ಅಲ್ಲಿ. ಎರಡು ವಿಚಾರಣೆಯಲ್ಲೂ ಮುಖ್ಯ ನ್ಯಾಯಾಧೀಶ ಎಲೈಜಾ ಇಂಪಿ.

ಶುಕ್ರವಾರ

ಬೆಳಿಗ್ಗೆ ಮಣ್ಣಿನ ಕುಡಿಕೆಯಲ್ಲಿ ಚಹಾ, ಕಚೋರಿ, ಆಲೂಗಡ್ಡೆ ಪಲ್ಯ. ಹೊಟ್ಟೆ ತುಂಬಿಸಿಕೊಂಡು ರಾಧಾಬಜಾರಿಗೆ ಹೊರಟೆವು.

ಲಾಲ್‌ಬಜಾರಿನ ಪೊಲೀಸ್ ಕೇಂದ್ರ ಕಚೇರಿಗೆ ಹತ್ತಿರದ ಬೀದಿ ಇದು. ಈಗ ಇಲ್ಲಿ ಗಡಿಯಾರದ ವ್ಯಾಪಾರ. ಗೋಡೆ ಗಡಿಯಾರ, ಕೈಗಡಿಯಾರ, ಬಿಡಿಭಾಗ, ರಿಪೇರಿ. ತಲೆ ಎತ್ತಿದರೆ ಕರೆಂಟ್ ವಯರುಗಳ ಗೋಜಲು. ಕೈಗಾಡಿಯವರು "ಸರೋ ಸರೋ" ಅನ್ನುತ್ತಾ ನುಗ್ಗುತ್ತಾರೆ. ಹಿಕ್ಕಿಯ ಅಚ್ಚುಕೂಟ ಇದ್ದದ್ದು ಈ ರಾಧಾಬಜಾರಿನಲ್ಲಿ. ಅವನ ನೆನಪಿನ ಒಂದು ಫಲಕ ನಮ್ಮ ಕಣ್ಣಿಗೆ ಬೀಳಲಿಲ್ಲ. ಗಡಿಯಾರ ರಿಪೇರಿಯ ವೃದ್ಧರೊಬ್ಬರನ್ನು ಭಾವ ಬಂಗಾಳಿಯಲ್ಲಿ ಕೇಳಿದರು. ಅವರು ಕಣ್ಣಿಗೆ ಹಾಕಿದ್ದ ಭೂತಗನ್ನಡಿ ತೆಗೆದು, "ಪತ್ರಿಕೆಯಾ? ಇಲ್ಲಿಯಾ? ಭಾರತದ ಮೊದಲನೆಯದಾ?" ಅಂತ ಕೇಳಿ, ಪಕ್ಕದ ಅಂಗಡಿಯವರನ್ನೂ ಕರೆದರು. ಐದು ನಿಮಿಷದಲ್ಲಿ ಏಳೆಂಟು ಜನ ಸೇರಿದರು. ಭಾವ ಕಥೆ ಹೇಳಿದರು, ನಾನು ಮಧ್ಯೆ ಮಧ್ಯೆ ಇಸವಿ ಸೇರಿಸಿದೆ. ಕೊನೆಗೆ ಚಹಾ ದುಡ್ಡು ಕೊಡಲು ಅವರು ಬಿಡಲಿಲ್ಲ.

ಅವರಿಗೆ ಹೇಳಿದ್ದನ್ನು ಇಲ್ಲೂ ಹೇಳುತ್ತೇನೆ. ಜೇಮ್ಸ್ ಆಗಸ್ಟಸ್ ಹಿಕ್ಕಿ ಐರ್ಲೆಂಡಿನವನು. 1772ರಲ್ಲಿ ಹಡಗಿನ ವೈದ್ಯನ ಸಹಾಯಕನಾಗಿ ಕಲ್ಕತ್ತಾಕ್ಕೆ ಬಂದ. ಒಂದಿಷ್ಟು ವೈದ್ಯ, ಒಂದಿಷ್ಟು ವ್ಯಾಪಾರ ಮಾಡಿಕೊಂಡಿದ್ದ. ಸಾಲ ಮಾಡಿ ಸಮುದ್ರ ವ್ಯಾಪಾರಕ್ಕಿಳಿದ. ಸರಕು ಹಾಳಾಗಿ ಕೈ ಸುಟ್ಟುಕೊಂಡ. 1776ರಲ್ಲಿ ಸಾಲಗಾರರ ಜೈಲು ಸೇರಿದ. ಕೈಯಲ್ಲಿ ಸುಮಾರು 2,000 ರೂಪಾಯಿ ಉಳಿದಿತ್ತು. ಮುದ್ರಣ ಕಲೆಯ ಬಗ್ಗೆ ಒಂದು ಪುಸ್ತಕ ಸಿಕ್ಕಿತು. ಅದನ್ನು ಓದಿ ಅಚ್ಚಿನ ಕೆಲಸ ಕಲಿತ. ಗುರು ಇಲ್ಲ, ನೋಡಿ ಕಲಿಯಲು ಹತ್ತಿರದಲ್ಲಿ ಒಂದು ಪ್ರೆಸ್ ಇಲ್ಲ. ಆ ಹಣದಲ್ಲಿ ಮೊಳೆ, ಯಂತ್ರ ಹೊಂದಿಸಿಕೊಂಡು ಜೈಲಿನಿಂದಲೇ ಮುದ್ರಣ ಶುರು ಮಾಡಿದ. ಅವನನ್ನು ಬಿಡಿಸಲು ನೆರವಾದ ವಕೀಲನ ಹೆಸರು ವಿಲಿಯಂ ಹಿಕ್ಕಿ. ಹೆಸರು ಹತ್ತಿರವಾದರೂ ನೆಂಟನಲ್ಲ.

ಮೊಳೆ ಜೋಡಿಸಿದವರಿಗೆ ಇದರ ಕಷ್ಟ ಅರ್ಥವಾಗುತ್ತದೆ. ಒಂದೊಂದು ಅಕ್ಷರವನ್ನೂ ಕೇಸಿನಿಂದ ಎತ್ತಿ ತಲೆಕೆಳಗಾಗಿ ಜೋಡಿಸಬೇಕು. ಆಗಿನ ಮರದ ಪ್ರೆಸ್ಸಿಗೆ ಹಾಳೆಯನ್ನು ಮೊದಲೇ ಒದ್ದೆ ಮಾಡಿ ಇಡಬೇಕು. ಚರ್ಮದ ಉಂಡೆಗಳಿಂದ ಮಸಿ ಬಡಿಯಬೇಕು. ಹಿಡಿ ಎಳೆದು ಒಂದು ಮಗ್ಗುಲು ಅಚ್ಚು, ಹಾಳೆ ತಿರುಗಿಸಿ ಇನ್ನೊಂದು ಮಗ್ಗುಲು. ಮುಗಿದ ಮೇಲೆ ಮೊಳೆಗಳನ್ನೆಲ್ಲ ತೊಳೆದು ಮತ್ತೆ ಅವುಗಳ ಮನೆಗೆ ಹಾಕಬೇಕು. ಕಲ್ಕತ್ತಾದ ಜೂನ್ ಜುಲೈ ಸೆಕೆಯಲ್ಲಿ, ವಾರವಾರವೂ!

ರಾಧಾಬಜಾರಿನಿಂದ ಮಿಷನ್ ರೋಗೆ ನಡೆದೇ ಹೋದೆವು. ಈಗ ಅದು ಆರ್.ಎನ್. ಮುಖರ್ಜಿ ರಸ್ತೆ. ಅಲ್ಲಿ ಹಳೆಯ ಮಿಷನ್ ಚರ್ಚ್ ಇದೆ. 1770ರಲ್ಲಿ ಸ್ವೀಡನ್ನಿನ ಪಾದ್ರಿ ಯೋಹಾನ್ ಝಕರಿಯಾಸ್ ಕೀರ್ನಾಂಡರ್ ಕಟ್ಟಿಸಿದ್ದು. ಹಿಕ್ಕಿಯ ಕಾಲದ ಕಲ್ಕತ್ತಾದಿಂದ ಇಂದಿಗೂ ಉಳಿದಿರುವ ಕೆಲವೇ ಕಟ್ಟಡಗಳಲ್ಲಿ ಇದೊಂದು. ಒಳಗೆ ಒಳ್ಳೆಯ ತಂಪು. ಹೊರಗಿನ ಗಲಾಟೆ ಅಷ್ಟಾಗಿ ಕೇಳಿಸುವುದಿಲ್ಲ.

ಕೀರ್ನಾಂಡರ್ ತನ್ನ ಅಚ್ಚಿನ ಮೊಳೆಗಳನ್ನು ಇಂಡಿಯಾ ಗೆಜೆಟ್‌ನವರಿಗೆ ಕೊಟ್ಟ ಅನ್ನುವುದು ಹಿಕ್ಕಿಯ ಸಿಟ್ಟು. ಅನಾಥ ಮಕ್ಕಳ ಹಣವನ್ನೂ ದುರುಪಯೋಗ ಮಾಡಿದ ಅಂತ ಬರೆದ. ಪಾದ್ರಿ ಕೋರ್ಟಿಗೆ ಹೋದ. ಹಿಕ್ಕಿಗೆ ನಾಲ್ಕು ತಿಂಗಳು ಜೈಲು, 500 ರೂಪಾಯಿ ದಂಡ. ಮುಂದೆ ಪಾದ್ರಿಯೂ ಸಾಲದಲ್ಲಿ ಮುಳುಗಿದ. 1787ರಲ್ಲಿ ಈ ಚರ್ಚೇ ಹರಾಜಿನ ಅಂಚಿಗೆ ಬಂತು. ಕಂಪನಿಯ ಅಧಿಕಾರಿ ಚಾರ್ಲ್ಸ್ ಗ್ರಾಂಟ್ 10,000 ರೂಪಾಯಿ ಕೊಟ್ಟು ಉಳಿಸಿಕೊಂಡ. ಇಬ್ಬರಿಗೂ ಸಾಲವೇ ಶತ್ರುವಾಯಿತು.

ಶನಿವಾರ

ಪತ್ರಿಕೆ ಹೊರಬರುತ್ತಿದ್ದ ವಾರ. ಅವತ್ತು ಸುಮ್ನೆ ಓದಲು ಅಂತಲೇ ಇಟ್ಟುಕೊಂಡಿದ್ದೆ. ಜರ್ಮನಿಯ ಹೈಡಲ್‌ಬರ್ಗ್ ವಿಶ್ವವಿದ್ಯಾಲಯದವರು ತಮ್ಮಲ್ಲಿರುವ ಸಂಚಿಕೆಗಳ ಪುಟಗಳನ್ನು ಇಂಟರ್‌ನೆಟ್‌ನಲ್ಲಿ ಹಾಕಿದ್ದಾರೆ. ಟ್ಯಾಬ್‌ಗೆ ಇಳಿಸಿಕೊಂಡು ಅಲಿಪುರದ ನ್ಯಾಷನಲ್ ಲೈಬ್ರರಿ ಆವರಣಕ್ಕೆ ಹೋದೆ.

ಆವರಣದ ನಡುವೆ ಬೆಲ್ವೆಡೇರ್ ಹೌಸ್. ಉದ್ದ ಕಂಬಗಳ, ಬಿಳಿಯ ಭಾರೀ ಬಂಗಲೆ. ಒಂದು ಕಾಲಕ್ಕೆ ಹೇಸ್ಟಿಂಗ್ಸನಿಗೆ ಸೇರಿದ್ದ ಎಸ್ಟೇಟು. 1780ರ ಆಗಸ್ಟ್ 17ರ ಬೆಳಿಗ್ಗೆ ಇದರ ಹತ್ತಿರವೇ ಹೇಸ್ಟಿಂಗ್ಸ್ ಮತ್ತು ಅವನ ಕೌನ್ಸಿಲ್ ಸದಸ್ಯ ಫಿಲಿಪ್ ಫ್ರಾನ್ಸಿಸ್ ಪಿಸ್ತೂಲು ಹಿಡಿದು ದ್ವಂದ್ವಕ್ಕೆ ನಿಂತರು. ಫ್ರಾನ್ಸಿಸ್‌ಗೆ ಗುಂಡು ತಗುಲಿತು, ಬದುಕಿಕೊಂಡ. ವರ್ಷದ ಕೊನೆಗೆ ಊರು ಬಿಟ್ಟ. ದೇಶ ಆಳುವ ಇಬ್ಬರು ಹೀಗೆ ಗುಂಡು ಹಾರಿಸಿಕೊಳ್ಳುವ ಊರಿನಲ್ಲಿ ಪತ್ರಿಕೆ ನಡೆಸುವುದು ಎಂಥ ಕೆಲಸ ಅಂತ ಆ ಮರಗಳ ಕೆಳಗೆ ಕೂತಾಗ ಅನ್ನಿಸಿತು.

ಪುಟಗಳನ್ನು ಒಂದೊಂದಾಗಿ ತಿರುವಿದೆ. ತಲೆಬರಹದ ಕೆಳಗೆ ಪತ್ರಿಕೆಯ ಮಾತು ಇದೆ: ರಾಜಕೀಯ ಮತ್ತು ವ್ಯಾಪಾರದ ವಾರಪತ್ರಿಕೆ, ಎಲ್ಲ ಪಕ್ಷಗಳಿಗೂ ತೆರೆದದ್ದು, ಯಾರ ಪ್ರಭಾವಕ್ಕೂ ಒಳಗಾಗದ್ದು. ಆಮೇಲೆ ಮನೆ ಮಾರಾಟ, ಹಡಗಿನ ಸುದ್ದಿ, ಕಳೆದುಹೋದ ವಸ್ತು, ಯುರೋಪಿನಿಂದ ತಿಂಗಳುಗಟ್ಟಲೆ ತಡವಾಗಿ ಬಂದ ವರ್ತಮಾನ. ಕವಿಗಳಿಗೆ ಒಂದು ಮೂಲೆ. ಊರಿನ ರಸ್ತೆ ಹೇಗಿದೆ, ಬೆಂಕಿ ಎಲ್ಲಿ ಬಿತ್ತು ಅನ್ನುವುದು.

ಎಲ್ಲಕ್ಕಿಂತ ಹೆಚ್ಚು ನನ್ನನ್ನು ಹಿಡಿದು ನಿಲ್ಲಿಸಿದ್ದು ಓದುಗರ ಪತ್ರಗಳು. ಹೆಸರು ಮುಚ್ಚಿಟ್ಟುಕೊಂಡು ಬರೆದವೇ ಜಾಸ್ತಿ. ಕೆಳ ದರ್ಜೆಯ ಸೈನ್ಯಾಧಿಕಾರಿಗಳು, ಸಣ್ಣ ವ್ಯಾಪಾರಿಗಳು, ಕಂಪನಿಯ ಗುತ್ತಿಗೆಗಳು ಬೇಕಾದವರಿಗೆ ಹೋಗುವುದನ್ನು ನೋಡಿ ಸುಸ್ತಾದವರು ಬರೆದರು. ಇತಿಹಾಸದ ಪುಸ್ತಕಗಳಲ್ಲಿ ಈ ಪತ್ರಿಕೆಯನ್ನು ಚಾಡಿ ಪತ್ರಿಕೆ ಅಂತ ಒಂದು ಸಾಲಿನಲ್ಲಿ ಮುಗಿಸಿಬಿಡುವುದುಂಟು. ನಾನು ಒಪ್ಪುವುದಿಲ್ಲ. ಚಾಡಿ ಇದೆ, ನಿಜ. ಹೆಂಗಸರ ಬಗ್ಗೆ ಅವನು ಬರೆದ ಕೀಳು ಮಾತುಗಳನ್ನು ಓದಿದರೆ ಸಿಟ್ಟು ಬರುತ್ತದೆ. ಅದನ್ನು ಯಾವ ಕಾಲದ ನೆಪ ಹೇಳಿಯೂ ನಾನು ಸಮರ್ಥಿಸಲಾರೆ. ಆದರೆ ಮೇಲಿನವರ ಬಗ್ಗೆ ಕೆಳಗಿನವರು ಬರೆಯಲು ಅದಕ್ಕೂ ಮುಂಚೆ ಆ ಊರಿನಲ್ಲಿ ಜಾಗವೇ ಇರಲಿಲ್ಲ. ಅದನ್ನು ಅವನು ಮಾಡಿಕೊಟ್ಟ. ಪತ್ರಿಕೆಯನ್ನು ಓದುಗರು ಬರೆಯುತ್ತಾರೆ, ಸಂಪಾದಕ ಅದನ್ನು ಕಾಯುತ್ತಾನೆ ಅಂತ ನಮ್ಮ ಹಳೆಯ ಸಂಪಾದಕರು ಹೇಳುತ್ತಿದ್ದರು. ಹಿಕ್ಕಿ ಕಾದ. ಬರೆದವರ ಹೆಸರು ಹೊರಗೆಡಹಿ ತಾನು ಪಾರಾಗಲಿಲ್ಲ.

ನಮ್ಮ ಕಡೆಯ ಸುದ್ದಿಯೂ ಅಲ್ಲಿ ಸಿಗುತ್ತದೆ. 1780ರ ಸೆಪ್ಟೆಂಬರ್ 10ರಂದು ಕಾಂಚೀಪುರದ ಹತ್ತಿರ ಪೊಲ್ಲಿಲೂರಿನಲ್ಲಿ ಹೈದರಾಲಿ ಮತ್ತು ಟಿಪ್ಪು ಸೇರಿ ಕರ್ನಲ್ ಬೇಲಿಯ ಸೇನೆಯನ್ನು ಮುರಿದರು. ಶ್ರೀರಂಗಪಟ್ಟಣದ ದರಿಯಾ ದೌಲತ್ ಗೋಡೆಯ ಮೇಲೆ ಆ ಯುದ್ಧದ ಚಿತ್ರ ನಾವೆಲ್ಲ ನೋಡಿದ್ದೇವೆ. ಆ ಸೋಲಿನ ಸುದ್ದಿ ಕಲ್ಕತ್ತಾವನ್ನು ನಡುಗಿಸಿತು. ಆಮೇಲಿನ ತಿಂಗಳುಗಳ ಗೆಜೆಟ್‌ನಲ್ಲಿ ಹೈದರನ ಯುದ್ಧದ ಮಾತು ಮತ್ತೆ ಮತ್ತೆ ಬರುತ್ತದೆ. ಹೈದರನನ್ನು ಎದುರಿಸಲು ಮದ್ರಾಸಿಗೆ ಹೋದ ಸೇನಾಪತಿ ಐರ್ ಕೂಟ್ ಹಿಕ್ಕಿಗೆ ಹಳೆಯ ಪರಿಚಯ. ಸೈನ್ಯದ ನಿಯಮಾವಳಿ ಅಚ್ಚು ಹಾಕುವ ದೊಡ್ಡ ಕೆಲಸವನ್ನು ಹಿಕ್ಕಿಗೆ ಕೊಟ್ಟವನು ಇವನೇ. ಆ ಕೆಲಸದ ಹಣಕ್ಕಾಗಿ ಹಿಕ್ಕಿ ಆಮೇಲೆ ವರ್ಷಗಟ್ಟಲೆ ಅಲೆದ.

ಇನ್ನು ಕೋರ್ಟಿನ ಕಥೆ. ಹಿಕ್ಕಿ ಇಂಪಿಯನ್ನೂ ಬಿಡಲಿಲ್ಲ. ಇಂಪಿಯ ನೆಂಟನಿಗೆ ಸಿಕ್ಕ ಒಡ್ಡು ಕಟ್ಟುವ ಗುತ್ತಿಗೆಯನ್ನು ಹಿಡಿದು ಅವನಿಗೆ "ಪೂಲ್‌ಬಂದಿ", ಅಂದರೆ ಒಡ್ಡು ಕಟ್ಟುವುದು, ಅಂತ ಅಡ್ಡಹೆಸರಿಟ್ಟ. 1780ರ ಕೊನೆಗೆ ಹೇಸ್ಟಿಂಗ್ಸ್ ಇಂಪಿಗೆ ಕಂಪನಿಯ ಸಿವಿಲ್ ಮೇಲ್ಮನವಿ ಕೋರ್ಟಾದ ಸದರ್ ದಿವಾನಿ ಅದಾಲತ್‌ನ ಹುದ್ದೆಯನ್ನೂ ಕೊಟ್ಟಿದ್ದ. ಕಂಪನಿಯನ್ನು ಪ್ರಶ್ನಿಸಬೇಕಾದ ನ್ಯಾಯಾಧೀಶ ಕಂಪನಿಯಿಂದ ಸಂಬಳ ತಗೊಂಡರೆ ಹೇಗೆ? ಆರು ತಿಂಗಳ ಮೇಲೆ ಹೇಸ್ಟಿಂಗ್ಸ್ ಹೂಡಿದ ಮಾನನಷ್ಟದ ಕೇಸುಗಳು ಅದೇ ಇಂಪಿಯ ಮುಂದೆ ಬಂದವು. ಕಟ್ಟಲಾಗದಷ್ಟು ದೊಡ್ಡ ಜಾಮೀನು ಕೇಳಿದರು. ಒಂದು ಕೇಸಿನಲ್ಲಿ ಜ್ಯೂರಿಗಳು ಹಿಕ್ಕಿ ತಪ್ಪಿತಸ್ಥನಲ್ಲ ಎಂದರು. ಉಳಿದವುಗಳಲ್ಲಿ ಶಿಕ್ಷೆಯಾಯಿತು.

ಜೈಲಿನಿಂದಲೂ ಪತ್ರಿಕೆ ಬಂತು. ಒಂಬತ್ತು ತಿಂಗಳು ಬಂತು! ಇದನ್ನು ನಾನು ಎಷ್ಟು ಸಲ ಓದಿದರೂ ಮೈ ನವಿರೇಳುತ್ತದೆ. ಕೊನೆಗೆ ಅವರಿಗೆ ಅರ್ಥವಾಯಿತು, ಮನುಷ್ಯನನ್ನು ಕೂಡಿಹಾಕಿದರೆ ಸಾಲದು, ಮೊಳೆಗಳನ್ನು ಕೂಡಿಹಾಕಬೇಕು ಅಂತ. 1782ರ ಮಾರ್ಚ್ 30ಕ್ಕೆ ಕೋರ್ಟಿನ ಆದೇಶದ ಮೇಲೆ ಮೊಳೆ, ಯಂತ್ರ ಎಲ್ಲ ಜಪ್ತಿಯಾದವು. ಹರಾಜಿನಲ್ಲಿ ಅವನ್ನು ಕೊಂಡವರು ಇಂಡಿಯಾ ಗೆಜೆಟ್‌ನವರು.

ಭಾನುವಾರ

ಅಕ್ಕನೂ ಬಂದಳು. ಮೂವರೂ ಸೌತ್ ಪಾರ್ಕ್ ಸ್ಟ್ರೀಟ್ ಸ್ಮಶಾನಕ್ಕೆ ಹೋದೆವು. 1767ರಿಂದ ಬಳಕೆಯಲ್ಲಿದ್ದ ಜಾಗ. ಮನೆಯಷ್ಟೆತ್ತರದ ಗೋರಿಗಳು, ಪಾಚಿ, ಸೊಳ್ಳೆ. ಹೇಸ್ಟಿಂಗ್ಸನ ವಿರೋಧಿ ಜನರಲ್ ಕ್ಲೇವರಿಂಗ್ ಇಲ್ಲಿದ್ದಾನೆ. ಸಂಸ್ಕೃತ ವಿದ್ವಾಂಸ ವಿಲಿಯಂ ಜೋನ್ಸ್, ಕವಿ ಡಿರೋಜಿಯೊ ಇದ್ದಾರೆ. ಹಿಕ್ಕಿ ಇಲ್ಲಿಲ್ಲ. ಬಿಡುಗಡೆಯಾದ ಮೇಲೂ ಅವನು ಬಡತನದಲ್ಲೇ ಇದ್ದ. 1802ರಲ್ಲಿ ಚೀನಾ ಕಡೆ ಹೊರಟ ಹಡಗಿನಲ್ಲಿ ತೀರಿಕೊಂಡ. ಅವನು ಕೇಳಿದ ಪ್ರಶ್ನೆಗಳು ಮಾತ್ರ ಅವನ ಜೊತೆ ಸಾಯಲಿಲ್ಲ. ಹೇಸ್ಟಿಂಗ್ಸ್ ಮೇಲೆ 1788ರಿಂದ 1795ರವರೆಗೆ ಬ್ರಿಟಿಷ್ ಪಾರ್ಲಿಮೆಂಟಿನಲ್ಲಿ ಮಹಾಭಿಯೋಗ ನಡೆಯಿತು, ಕೊನೆಗೆ ಖುಲಾಸೆಯಾಯಿತು. ಇಂಪಿಯೂ ಪಾರ್ಲಿಮೆಂಟಿನ ಮುಂದೆ ಉತ್ತರ ಕೊಡಬೇಕಾಯಿತು.

ಸೋಮವಾರ

ಹೌರಾದಿಂದ ಲೋಕಲ್ ರೈಲಿನಲ್ಲಿ ಶ್ರೀರಾಂಪುರ. ಹೂಗ್ಲಿ ದಂಡೆಯ ಊರು, 1845ರವರೆಗೆ ಡೆನ್ಮಾರ್ಕಿನವರ ಕೈಯಲ್ಲಿತ್ತು. ಹಿಕ್ಕಿಯ ಪತ್ರಿಕೆ ಇಂಗ್ಲಿಷಿನದು, ಇಂಗ್ಲಿಷರಿಗಾಗಿ. ಅದು ನಿಂತ ಮೇಲೆ ಊರಿನ ಜನರ ಮಾತಿನಲ್ಲಿ ಪತ್ರಿಕೆ ಬರಲು ಇನ್ನೂ 36 ವರ್ಷ ಬೇಕಾಯಿತು. 1818ರ ಮೇ 23ರಂದು ಇಲ್ಲಿನ ಮಿಷನ್ ಪ್ರೆಸ್ಸಿನಿಂದ ಬಂಗಾಳಿ ವಾರಪತ್ರಿಕೆ ಸಮಾಚಾರ ದರ್ಪಣ ಶುರುವಾಯಿತು. ಮೊಳೆ ಮಾಡುವ ಕೌಶಲ ಈ ಪ್ರೆಸ್ಸಿಗೆ ಬಂದದ್ದು ಪಂಚಾನನ ಕರ್ಮಕಾರ್ ಅನ್ನುವ ಕಮ್ಮಾರ ಕುಲದ ಕಸುಬುದಾರನಿಂದ. ಉಕ್ಕಿನ ಕಡ್ಡಿಯ ತುದಿಯಲ್ಲಿ ಒಂದೊಂದೇ ಅಕ್ಷರ ಕೆತ್ತಿ, ತಾಮ್ರದಲ್ಲಿ ಅಚ್ಚು ಒತ್ತಿ, ಸೀಸ ಎರೆಯುವ ವಿದ್ಯೆ. ತನ್ನ ಅಳಿಯ ಮನೋಹರನಿಗೂ ಕಲಿಸಿದ.

1812ರ ಮಾರ್ಚ್‌ನಲ್ಲಿ ಈ ಪ್ರೆಸ್ಸಿಗೆ ಬೆಂಕಿ ಬಿದ್ದು ಕಾಗದ, ಹಸ್ತಪ್ರತಿ, ಮೊಳೆ ಎಲ್ಲ ಹಾಳಾದವು. ಉಕ್ಕಿನ ಅಚ್ಚುಗಳು ಉಳಿದವು. ಕರಗಿದ ಸೀಸವನ್ನೇ ಮತ್ತೆ ಎರೆದು ಕೆಲವೇ ತಿಂಗಳಲ್ಲಿ ಕೆಲಸ ಶುರು ಮಾಡಿದರು. ಐದು ವರ್ಷಕ್ಕೆ, 1817ರಲ್ಲಿ, ಇಲ್ಲಿನ ಮಿಷನರಿ ವಿಲಿಯಂ ಕೇರಿ ಬರೆದ ಕನ್ನಡ ವ್ಯಾಕರಣ ಇದೇ ಪ್ರೆಸ್ಸಿನಲ್ಲಿ ಅಚ್ಚಾಯಿತು. ಕನ್ನಡದ ಮೊದಲ ಪತ್ರಿಕೆ ಮಂಗಳೂರು ಸಮಾಚಾರ 1843ರಲ್ಲಿ ಕಲ್ಲಚ್ಚಿನಲ್ಲಿ ಬರುವುದಕ್ಕೆ 26 ವರ್ಷ ಮುಂಚೆಯೇ, ನಮ್ಮ ಅಕ್ಷರಗಳು ಹೂಗ್ಲಿ ದಂಡೆಯಲ್ಲಿ ಸೀಸದ ಮೊಳೆಗಳಾಗಿದ್ದವು!

ಶ್ರೀರಾಂಪುರ ಕಾಲೇಜಿನ ಆವರಣದಲ್ಲಿ ಕೇರಿ ಲೈಬ್ರರಿ ಇದೆ. ಹೋಗುವವರು ವಾರದ ದಿನ, ಬೆಳಿಗ್ಗೆಯೇ ಹೋಗಿ, ಗುರುತಿನ ಚೀಟಿ ಇಟ್ಟುಕೊಳ್ಳಿ, ಮೊದಲೇ ಫೋನ್ ಮಾಡಿ ಕೇಳಿ. ಚಳಿಗಾಲ ಒಳ್ಳೆಯದು, ಡಿಸೆಂಬರ್‌ನಿಂದ ಫೆಬ್ರವರಿ. ಕೋಲ್ಕತ್ತಾದಲ್ಲಿ ರಾಧಾಬಜಾರಿಗೆ ಭಾನುವಾರ ಹೋಗಬೇಡಿ, ಅಂಗಡಿಗಳು ಮುಚ್ಚಿರುತ್ತವೆ. ಹಿಕ್ಕಿಯ ಪುಟಗಳನ್ನು ಮಾತ್ರ ಹೊರಡುವ ಮೊದಲೇ ಮನೆಯಲ್ಲಿ ಕೂತು ಓದಿಕೊಳ್ಳಿ. ಹಳೆಯ ಇಂಗ್ಲಿಷ್, ಉದ್ದನೆಯ ಎಸ್ ಅಕ್ಷರ ನೋಡಲು ಎಫ್ ಥರ ಕಾಣುತ್ತದೆ, ಎರಡು ಪುಟ ಓದಿದರೆ ಕಣ್ಣಿಗೆ ರೂಢಿಯಾಗುತ್ತದೆ. ಸಂಪಾದಕನ ಬರಹಕ್ಕಿಂತ ಮೊದಲು ಓದುಗರ ಪತ್ರಗಳಿಂದ ಶುರು ಮಾಡಿ.